ದಾಳಿ ಮುಗಿದ ಮೇಲೆ ಏನಾಯ್ತು? ಪರದೇಶದವರ ಆಕ್ರಮಣಗಳ ಇತಿಹಾಸ ಓದೋದು ಹೇಗೆ

ಪರದೇಶದವರ ದಾಳಿಗಳ ಬಗ್ಗೆ ಎಲ್ಲೇ ಮಾತು ಶುರುವಾದರೂ ಸ್ವಲ್ಪ ಹೊತ್ತಿಗೆ ಎರಡು ಗುಂಪಾಗುತ್ತದೆ. ಬಂದರು, ಕೊಂದರು, ದೋಚಿದರು, ಎಲ್ಲಾ ಹಾಳಾಯ್ತು ಅಂತ ಒಂದು ಗುಂಪು. ಅವರು ಬರದೇ ಇದ್ದಿದ್ದರೆ ರೈಲೂ ಇರುತ್ತಿರಲಿಲ್ಲ, ಕೋರ್ಟೂ ಇರುತ್ತಿರಲಿಲ್ಲ ಅಂತ ಇನ್ನೊಂದು ಗುಂಪು. ಮೊದಲನೆಯವರು ಯುದ್ಧದ ದಿನವನ್ನು ನೋಡುತ್ತಿರುತ್ತಾರೆ, ಎರಡನೆಯವರು ಇನ್ನೂರು ವರ್ಷ ಆದಮೇಲೆ ಉಳಿದದ್ದನ್ನು ನೋಡುತ್ತಿರುತ್ತಾರೆ. ನಡುವಿನ ವರ್ಷಗಳ ಕಡೆ ಯಾರ ಕಣ್ಣೂ ಹೋಗೋದಿಲ್ಲ.

ಆ ನಡುವಿನ ವರ್ಷಗಳನ್ನು ಓದೋದು ಹೇಗೆ ಅಂತ ಇಲ್ಲಿ ಹೇಳುತ್ತೇನೆ. ಪರೀಕ್ಷೆಗೆ ಓದುವವರಿಗೂ ಆಗುತ್ತದೆ, ಸುಮ್ನೆ ಕುತೂಹಲಕ್ಕೆ ಓದುವವರಿಗೂ ಆಗುತ್ತದೆ, ವಾದ ಮಾಡಿ ಸುಸ್ತಾದವರಿಗೆ ಇನ್ನೂ ಜಾಸ್ತಿ ಆಗುತ್ತದೆ. ವಿಧಾನ ಇಷ್ಟೇ: ಯುದ್ಧವನ್ನು ಬೇಗ ಓದಿ ಮುಗಿಸಿ, ಕಂದಾಯವನ್ನು ನಿಧಾನವಾಗಿ ಓದಿ. ಯಾರು ಗೆದ್ದರು ಅನ್ನೋದಕ್ಕೆ ಒಂದು ಸಾಲಿನ ಉತ್ತರ ಸಾಕು. ಮರುವರ್ಷ ರೈತನ ಮನೆ ಬಾಗಿಲಿಗೆ ತೆರಿಗೆ ಕೇಳಲು ಬಂದವನು ಯಾರು, ಎಷ್ಟು ಕಿತ್ತುಕೊಂಡ, ಅದನ್ನು ತೆಗೆದುಕೊಂಡು ಹೋಗಿ ಯಾರ ಕೈಗೆ ಕೊಟ್ಟ, ಅದನ್ನು ಹುಡುಕಲು ಹೊರಟರೆ ನಿಜವಾದ ಕಥೆ ಬಿಚ್ಚಿಕೊಳ್ಳುತ್ತದೆ.

ಹೋಗಲು ಬಂದವರೋ, ಇರಲು ಬಂದವರೋ?

ಮೊದಲು ಇದನ್ನು ಬೇರೆ ಮಾಡಿಕೊಳ್ಳಿ. ಎರಡಕ್ಕೂ ನಾವು ದಾಳಿ ಅಂತಲೇ ಅಂತೇವೆ, ಆದರೆ ಎರಡೂ ಬೇರೆ ಬೇರೆ ವಸ್ತು.

ಇರಾನಿನ ನಾದಿರ್ ಶಾ 1739ರ ಫೆಬ್ರವರಿಯಲ್ಲಿ ಕರ್ನಾಲ್ ಹತ್ತಿರ ಮೊಘಲ್ ಸೈನ್ಯವನ್ನು ಸೋಲಿಸಿದ. ಮಾರ್ಚ್‌ನಲ್ಲಿ ದೆಹಲಿಗೆ ಬಂದ. ಅಲ್ಲಿ ಒಂದೇ ದಿನದಲ್ಲಿ ಸಾವಿರಾರು ಜನರ ಕಗ್ಗೊಲೆ ಆಯಿತು. ಮಯೂರ ಸಿಂಹಾಸನ, ಕೊಹಿನೂರ್ ಮತ್ತು ಲೆಕ್ಕವಿಲ್ಲದಷ್ಟು ಹಣ ಹೊತ್ತುಕೊಂಡು ಮೇ ತಿಂಗಳಲ್ಲಿ ವಾಪಸ್ ಹೊರಟೇಹೋದ. ದೋಚಿದ್ದು ಎಷ್ಟಿತ್ತು ಅಂದರೆ ಇರಾನಿನಲ್ಲಿ ಮೂರು ವರ್ಷ ತೆರಿಗೆ ಬೇಡ ಅಂತ ಘೋಷಿಸಿದ. ದೆಹಲಿಯ ಬಾದಶಹ ಸಿಂಹಾಸನದ ಮೇಲೇ ಉಳಿದ, ಕಂದಾಯ ವಸೂಲಿ ಮಾಡುವವರೂ ಹಳಬರೇ ಉಳಿದರು. ಆದರೆ ಖಜಾನೆ ಖಾಲಿ, ಸೈನ್ಯದ ಮರ್ಯಾದೆ ಹೋಗಿದೆ, ದೂರದ ಪ್ರಾಂತ್ಯಗಳನ್ನು ನೋಡಿಕೊಳ್ಳುತ್ತಿದ್ದ ಸುಬೇದಾರರಿಗೆ ದೆಹಲಿ ಎಷ್ಟು ಟೊಳ್ಳು ಅಂತ ಗೊತ್ತಾಗಿಬಿಟ್ಟಿದೆ. ಈ ತರಹದ ದಾಳಿಯ ಪೆಟ್ಟು ಹೀಗೆ ಬೀಳುತ್ತದೆ. ದಾಳಿ ಮಾಡಿದವನು ಏನನ್ನೂ ಬದಲಾಯಿಸಿರೋದಿಲ್ಲ, ಬದಲಾಯಿಸುವವರಿಗೆ ಬಾಗಿಲು ತೆರೆದು ಹೋಗಿರುತ್ತಾನೆ.

ಅಂದಹಾಗೆ ಆ ದುಡ್ಡು ಇರಾನನ್ನೂ ಉಳಿಸಲಿಲ್ಲ. ಮುಂದಿನ ಯುದ್ಧಗಳಿಗೆ ಮತ್ತೆ ತೆರಿಗೆ ಹಾಕಬೇಕಾಯಿತು, ದಂಗೆಗಳಾದವು, 1747ರಲ್ಲಿ ನಾದಿರ್ ಶಾನನ್ನು ಅವನದೇ ಅಧಿಕಾರಿಗಳು ಕೊಂದರು.

ಇದರ ಪಕ್ಕದಲ್ಲಿ ಈಸ್ಟ್ ಇಂಡಿಯಾ ಕಂಪನಿಯನ್ನು ಇಟ್ಟು ನೋಡಿ. 1757ರಲ್ಲಿ ಬಂಗಾಳದ ಪ್ಲಾಸಿ ಯುದ್ಧದಲ್ಲಿ ಕಂಪನಿಯ ಕಡೆ ಇದ್ದದ್ದು ಸುಮಾರು ಮೂರು ಸಾವಿರ ಜನ, ಅದರಲ್ಲೂ ಹೆಚ್ಚಿನವರು ಇಲ್ಲಿನ ಸಿಪಾಯಿಗಳೇ. ನವಾಬನ ಸೇನಾಪತಿ ಮೀರ್ ಜಾಫರ್ ಮೊದಲೇ ಒಳಒಪ್ಪಂದ ಮಾಡಿಕೊಂಡಿದ್ದ, ಜಗತ್ ಸೇಠರ ಸಾಹುಕಾರಿ ಮನೆತನವೂ ಸಂಚಿನಲ್ಲಿತ್ತು. ಯುದ್ಧ ಅಂತ ನೋಡಿದರೆ ಹೇಳಿಕೊಳ್ಳುವಂಥದ್ದೇನೂ ಇಲ್ಲ, ಒಂದು ದಿನದೊಳಗೆ ಮುಗಿಯಿತು. ಕರ್ನಾಲ್ ಇದಕ್ಕಿಂತ ಎಷ್ಟೋ ದೊಡ್ಡದು. ಆದರೂ ದೇಶ ತಲೆಕೆಳಗಾದದ್ದು ಪ್ಲಾಸಿಯ ದಾರಿಯಿಂದ. ಯಾಕೆಂದರೆ ಇವರು ಹೋಗಲು ಬಂದವರಲ್ಲ.

ಮರುವರ್ಷ ಕಂದಾಯ ಯಾರ ಕೈಯಲ್ಲಿ?

ನನ್ನನ್ನು ಕೇಳಿದರೆ ಬಂಗಾಳದ ಚರಿತ್ರೆಯಲ್ಲಿ 1757ಕ್ಕಿಂತ 1765 ಮುಖ್ಯವಾದ ವರ್ಷ. ಕಂಪನಿ ಬಾದಶಹನ ಕಡೆಯವರನ್ನು ಸೋಲಿಸಿದ ಬಕ್ಸರ್ ಯುದ್ಧ 1764ರಲ್ಲಿ ಮುಗಿಯಿತು. ಮರುವರ್ಷ ಬಾದಶಹ ಎರಡನೇ ಶಾ ಆಲಂ ಬಂಗಾಳ, ಬಿಹಾರ, ಒರಿಸ್ಸಾಗಳ ದಿವಾನಿಯನ್ನು, ಅಂದರೆ ಕಂದಾಯ ವಸೂಲಿಯ ಹಕ್ಕನ್ನು ಕಂಪನಿಗೆ ಬರೆದುಕೊಟ್ಟ. ಬದಲಿಗೆ ಅವನಿಗೆ ವರ್ಷಕ್ಕೆ 26 ಲಕ್ಷ ರೂಪಾಯಿ. ಅಲ್ಲಿಯವರೆಗೆ ಬಂಗಾಳದಲ್ಲಿ ಬಟ್ಟೆ ಕೊಳ್ಳಲು ಕಂಪನಿ ಬೆಳ್ಳಿಯನ್ನು ಹಡಗಿನಲ್ಲಿ ತರುತ್ತಿತ್ತು. ದಿವಾನಿ ಸಿಕ್ಕಿದ ಮೇಲೆ ಬಂಗಾಳದ ರೈತ ಕಟ್ಟಿದ ಕಂದಾಯದಿಂದಲೇ ಬಂಗಾಳದ ನೇಕಾರನ ಬಟ್ಟೆ ಕೊಂಡು ಸಾಗಿಸಬಹುದಾಯಿತು. ದೋಚುವುದಕ್ಕೆ ಕತ್ತಿಯೇ ಬೇಡ, ಲೆಕ್ಕದ ಪುಸ್ತಕ ಸಾಕು.

ಐದು ವರ್ಷಕ್ಕೆ ಬರ ಬಂತು. 1769-70ರ ಕ್ಷಾಮದಲ್ಲಿ ಬಂಗಾಳದ ಮೂರರಲ್ಲಿ ಒಂದು ಪಾಲು ಜನ ಸತ್ತಿರಬಹುದು ಅಂತ ಬಂಗಾಳದಲ್ಲಿ ಕಂಪನಿಯ ಗವರ್ನರ್ ಆಗಿದ್ದ ವಾರನ್ ಹೇಸ್ಟಿಂಗ್ಸ್ 1772ರಲ್ಲಿ ಒಂದು ಪತ್ರದಲ್ಲಿ ಬರೆದ. ಈ ಅಂದಾಜನ್ನು ಒಪ್ಪದ ಇತಿಹಾಸಕಾರರಿದ್ದಾರೆ, ಇರಲಿ. ಆದರೆ ಅದೇ ಪತ್ರದಲ್ಲಿ ಇನ್ನೊಂದು ಮಾತಿದೆ. ಇಷ್ಟೆಲ್ಲಾ ಜನ ಸತ್ತ ಮೇಲೂ 1771ರ ಕಂದಾಯ ವಸೂಲಿ 1768ಕ್ಕಿಂತ ಜಾಸ್ತಿ ಆಗಿತ್ತು, ಬಲವಂತದಿಂದ ಹಾಗೆ ಮಾಡಲಾಗಿತ್ತು ಅಂತ ಅವನೇ ಒಪ್ಪಿಕೊಂಡಿದ್ದಾನೆ. ಒಂದು ದಾಳಿಯ ಪರಿಣಾಮ ಏನು ಅಂತ ಯಾರಾದರೂ ಕೇಳಿದರೆ ನಾನು ಸೈನ್ಯದ ಚಿತ್ರ ತೋರಿಸುವುದಿಲ್ಲ, ಈ ಎರಡು ವರ್ಷಗಳ ಲೆಕ್ಕ ತೋರಿಸುತ್ತೇನೆ.

ಕಂದಾಯ ಹಿಡಿದು ಹೊರಟರೆ ಬೇರೆ ಕಡೆಯೂ ಹೀಗೇ ಬೆಳಕು ಬೀಳುತ್ತದೆ. ಮಂಗೋಲರು 1237ರಿಂದ 1240ರ ಒಳಗೆ ರಷ್ಯಾದ ಊರುಗಳನ್ನು ಒಂದೊಂದಾಗಿ ಸುಟ್ಟರು, ಕೀವ್ ಬಿದ್ದದ್ದು 1240ರಲ್ಲಿ. ಆದರೆ ಅವರು ಆ ಕಾಡುಗಳಲ್ಲಿ ಬಂದು ನೆಲೆಸಲಿಲ್ಲ. ವೋಲ್ಗಾ ನದಿಯ ಕೆಳಗಿನ ಹುಲ್ಲುಗಾವಲಲ್ಲಿ ಕೂತು ಕಪ್ಪ ತರಿಸಿಕೊಂಡರು. ಕಪ್ಪವನ್ನು ಒಟ್ಟುಮಾಡಿ ತಂದುಕೊಡಲು ಯಾರಾದರೂ ಬೇಕಲ್ವಾ? ಆ ಕೆಲಸವನ್ನು ಮಾಸ್ಕೋದ ರಾಜರು ಹಿಡಿದುಕೊಂಡರು. 1327ರಲ್ಲಿ ತ್ವೇರ್ ಊರಿನವರು ಮಂಗೋಲರ ವಿರುದ್ಧ ಎದ್ದಾಗ ಮಾಸ್ಕೋದ ಒಂದನೇ ಇವಾನ್ ಮಂಗೋಲರ ಜೊತೆ ಸೇರಿ ಅವರನ್ನು ಬಗ್ಗುಬಡಿದ. ಜನ ಅವನಿಗೆ ದುಡ್ಡಿನ ಚೀಲ ಅಂತಲೇ ಅಡ್ಡಹೆಸರಿಟ್ಟರು. ಒಂದು ಸಣ್ಣ ಊರು ದಾಳಿಕೋರರ ವಸೂಲಿಗಾರನಾಗಿ ಬೆಳೆದು, 1480ರ ಹೊತ್ತಿಗೆ ಅದೇ ದಾಳಿಕೋರರಿಗೆ ಕಪ್ಪ ಕೊಡೋದಿಲ್ಲ ಅನ್ನುವಷ್ಟು ದೊಡ್ಡದಾಯಿತು. ಬರೀ ಯುದ್ಧಗಳನ್ನು ಓದಿದವರಿಗೆ ಮಾಸ್ಕೋ ಎಲ್ಲಿಂದ ಎದ್ದು ಬಂತು ಅನ್ನೋದೇ ತಿಳಿಯೋದಿಲ್ಲ.

ಇಲ್ಲಿ ಜೊತೆಗೆ ಇನ್ನೊಂದು ಪ್ರಶ್ನೆ ಕೇಳಿ. ಹಳೇ ನೌಕರರನ್ನು ಇಟ್ಟುಕೊಂಡರೋ, ಓಡಿಸಿದರೋ? ಅರಬರು 7ನೇ ಶತಮಾನದಲ್ಲಿ ಇರಾಕ್, ಇರಾನ್ ಗೆದ್ದಾಗ ತೆರಿಗೆಯ ಲೆಕ್ಕವನ್ನು ಪಾರ್ಸಿ ಭಾಷೆಯಲ್ಲಿ ಬರೆಯುತ್ತಿದ್ದ ಗುಮಾಸ್ತರನ್ನು ಹಾಗೇ ಉಳಿಸಿಕೊಂಡರು. ಇರಾಕಿನ ಲೆಕ್ಕ ಅರಬ್ಬಿ ಭಾಷೆಗೆ ಬದಲಾಗಲು ಆ ಶತಮಾನದ ಕೊನೆಯವರೆಗೆ ಕಾಯಬೇಕಾಯಿತು. ಹಾಗಾಗಿ ರಾಜ ಹೋದರೂ ಆಡಳಿತ ನಿಲ್ಲಲಿಲ್ಲ. ಅದೇ ಇರಾಕಿನಲ್ಲಿ 2003ರಲ್ಲಿ ಅಮೆರಿಕದವರು ಮಾಡಿದ್ದು ಇದರ ತಿರುಗಾಮುರುಗಾ. ಮಾರ್ಚ್‌ನಲ್ಲಿ ದಾಳಿ, ಏಪ್ರಿಲ್‌ನಲ್ಲಿ ಬಾಗ್ದಾದ್ ಕೈಗೆ, ಮೇ ತಿಂಗಳಲ್ಲಿ ಎರಡು ಆದೇಶ. ಒಂದರಲ್ಲಿ ಸದ್ದಾಂ ಹುಸೇನನ ಬಾಥ್ ಪಕ್ಷದ ಮೇಲ್ಮಟ್ಟದ ಸದಸ್ಯರನ್ನೆಲ್ಲಾ ಸರ್ಕಾರಿ ಕೆಲಸದಿಂದ ತೆಗೆದುಹಾಕಿದರು, ಇನ್ನೊಂದರಲ್ಲಿ ಇಡೀ ಸೈನ್ಯವನ್ನೇ ವಿಸರ್ಜಿಸಿದರು. ಬಂದೂಕು ಹಿಡಿಯಲು ಬರುವ ಲಕ್ಷಾಂತರ ಜನ ಒಂದು ಕಾಗದದಿಂದ ನಿರುದ್ಯೋಗಿಗಳಾದರು. ಆಮೇಲೆ ವರ್ಷಗಟ್ಟಲೆ ನಡೆದ ದಂಗೆ, ರಕ್ತಪಾತ ಎಲ್ಲರಿಗೂ ಗೊತ್ತು. ಇದೇ ಅಮೆರಿಕ 1945ರಲ್ಲಿ ಜಪಾನಿಗೆ ಹೋದಾಗ ಚಕ್ರವರ್ತಿಯನ್ನೂ ಉಳಿಸಿಕೊಂಡಿತ್ತು, ಅಧಿಕಾರಿಗಳ ಕೈಯಿಂದಲೇ ಕೆಲಸ ಮಾಡಿಸಿತ್ತು. ಎರಡು ದೇಶಗಳ ಪರಿಸ್ಥಿತಿ ಬೇರೆ ಬೇರೆ ನಿಜ, ಆದರೆ ಹೋಲಿಸಿ ಓದಲು ಇದಕ್ಕಿಂತ ಒಳ್ಳೇ ಜೋಡಿ ಸಿಗೋದು ಕಷ್ಟ.

ನಾಣ್ಯ ನೋಡಿ

ಇದು ನನಗೆ ತುಂಬಾ ಇಷ್ಟವಾದ ಭಾಗ, ಹಾಗಾಗಿ ಸ್ವಲ್ಪ ಎಳೆಯುತ್ತೇನೆ.

ಆಸ್ಥಾನದ ಬರಹಗಾರ ಏನು ಬೇಕಾದರೂ ಬರೆಯಬಹುದು. ನಾಣ್ಯಕ್ಕೆ ಅಷ್ಟು ಸ್ವಾತಂತ್ರ್ಯ ಇಲ್ಲ. ಸಂತೆಯಲ್ಲಿ ಜನ ಅದನ್ನು ತೆಗೆದುಕೊಳ್ಳಬೇಕು, ಇಲ್ಲದಿದ್ದರೆ ಅದು ಬರೀ ಲೋಹದ ಚೂರು. ಅದಕ್ಕೇ ಗೆದ್ದವರು ನಾಣ್ಯದ ವಿಷಯದಲ್ಲಿ ಭಾರಿ ಹುಷಾರು. ಇರಾನ್ ಗೆದ್ದ ಅರಬರು ಎಷ್ಟೋ ವರ್ಷ ಹಳೇ ಸಸಾನಿ ರಾಜನ ಮುಖ ಇರುವ, ಹಿಂದೆ ಅಗ್ನಿಕುಂಡ ಇರುವ ಬೆಳ್ಳಿ ನಾಣ್ಯವನ್ನೇ ಹೊಡೆಸಿದರು, ಅಂಚಿನಲ್ಲಿ ಮಾತ್ರ 'ಬಿಸ್ಮಿಲ್ಲಾ' ಅಂತ ಸಣ್ಣದಾಗಿ ಸೇರಿಸಿದರು. ಚಿತ್ರ ಇಲ್ಲದ, ಬರೀ ಅರಬ್ಬಿ ಬರಹದ ನಾಣ್ಯ ಬಂದದ್ದು ಖಲೀಫ ಅಬ್ದುಲ್ ಮಲಿಕ್ ಕಾಲದಲ್ಲಿ, 690ರ ದಶಕದ ಕೊನೆಯಲ್ಲಿ. ಮಹಮ್ಮದ್ ಘೋರಿ ಗಂಗಾ ಬಯಲಿನಲ್ಲಿ ಹೊಡೆಸಿದ ಚಿನ್ನದ ನಾಣ್ಯದಲ್ಲಿ ಒಂದು ಕಡೆ ಕೂತ ಲಕ್ಷ್ಮಿ ಇದ್ದಾಳೆ, ಇನ್ನೊಂದು ಕಡೆ ನಾಗರಿ ಲಿಪಿಯಲ್ಲಿ ಅವನ ಹೆಸರು. ಇದನ್ನು ನೋಡಿ ಅವನು ಸೌಮ್ಯ ಸ್ವಭಾವದವನು ಅಂತ ತೀರ್ಮಾನ ಮಾಡಬೇಡಿ. ಸಂತೆಯಲ್ಲಿ ಚಲಾವಣೆ ಆಗುತ್ತಿದ್ದದ್ದು ಆ ನಾಣ್ಯ, ಅದಕ್ಕೇ ಅದನ್ನು ಮುಂದುವರಿಸಿದ, ಅಷ್ಟೇ.

ಕಂಪನಿಯದ್ದು ಇನ್ನೂ ತಮಾಷೆ. 1788ರಲ್ಲಿ ಕಣ್ಣು ಕಳೆದುಕೊಂಡು 1806ರಲ್ಲಿ ತೀರಿಹೋದ ಶಾ ಆಲಂನ ಹೆಸರಿನಲ್ಲಿ ಕಂಪನಿಯ ಟಂಕಸಾಲೆಗಳು 1835ರವರೆಗೆ ರೂಪಾಯಿ ಹೊಡೆಯುತ್ತಲೇ ಇದ್ದವು. ಬಂಗಾಳದ ರೂಪಾಯಿಯ ಮೇಲೆ ಅವನ ಆಳ್ವಿಕೆಯ 19ನೇ ವರ್ಷ ಅಂತ ಬರೆದದ್ದು ವರ್ಷಗಟ್ಟಲೆ ಬದಲಾಗಲೇ ಇಲ್ಲ. ದೇಶ ಕೈಯಲ್ಲಿದೆ, ಆದರೆ ತಮ್ಮ ರಾಜನ ಮುಖವನ್ನು ರೂಪಾಯಿ ಮೇಲೆ ಹಾಕುವ ಧೈರ್ಯ ಬರಲು ಪ್ಲಾಸಿಯಿಂದ 78 ವರ್ಷ ಬೇಕಾಯಿತು.

ದೊಡ್ಡ ವಸ್ತುಸಂಗ್ರಹಾಲಯಗಳ ನಾಣ್ಯಗಳ ಫೋಟೋ ಈಗ ಅಂತರ್ಜಾಲದಲ್ಲಿ ಉಚಿತವಾಗಿ ಸಿಗುತ್ತವೆ. ದಾಳಿಯ ಹಿಂದಿನ ಇಪ್ಪತ್ತು ವರ್ಷ, ಮುಂದಿನ ಐವತ್ತು ವರ್ಷದ ನಾಣ್ಯಗಳನ್ನು ಸಾಲಾಗಿ ಇಟ್ಟು ನೋಡಿ. ಹೆಸರು ಯಾವಾಗ ಬದಲಾಯಿತು, ಲಿಪಿ ಯಾವಾಗ ಬದಲಾಯಿತು, ಬೆಳ್ಳಿಯ ತೂಕ ಯಾವಾಗ ಇಳಿಯಿತು ಅಂತ ಬರೆದುಕೊಳ್ಳಿ. ತೂಕ ಇಳಿದರೆ ಖಜಾನೆಗೆ ಕಷ್ಟ ಬಂದಿದೆ ಅಂತ ಅನುಮಾನ ಪಡಬಹುದು.

ಹೊಲ ಯಾರ ಹೆಸರಿಗೆ?

ಕಂದಾಯ ಆಯ್ತು, ನಾಣ್ಯ ಆಯ್ತು, ಇನ್ನು ಭೂಮಿ. ಇದಕ್ಕೆ ಇಂಗ್ಲೆಂಡಿಗಿಂತ ಒಳ್ಳೇ ಉದಾಹರಣೆ ಇಲ್ಲ. 1066ರ ಅಕ್ಟೋಬರ್ 14ರಂದು ಹೇಸ್ಟಿಂಗ್ಸ್ ಎಂಬ ಊರಿನ ಹತ್ತಿರದ ಯುದ್ಧದಲ್ಲಿ ರಾಜ ಹೆರಾಲ್ಡ್ ಸತ್ತ, ಕ್ರಿಸ್‌ಮಸ್ ದಿನ ನಾರ್ಮಂಡಿಯ ವಿಲಿಯಂ ಕಿರೀಟ ಹಾಕಿಕೊಂಡ. ಇಪ್ಪತ್ತು ವರ್ಷ ಆದಮೇಲೆ, 1086ರಲ್ಲಿ, ಅವನ ಅಧಿಕಾರಿಗಳು 13 ಸಾವಿರಕ್ಕೂ ಹೆಚ್ಚು ಊರುಗಳ ಜಮೀನಿನ ಲೆಕ್ಕ ಬರೆದರು. ಡೂಮ್ಸ್‌ಡೇ ಬುಕ್ ಅಂದರೆ ಇದೇ. ಈ ಹೊಲ ಹಳೇ ರಾಜ ಎಡ್ವರ್ಡ್ ಕಾಲದಲ್ಲಿ ಯಾರದಾಗಿತ್ತು, ಈಗ ಯಾರದು, ಆಗ ಬೆಲೆ ಎಷ್ಟು, ಈಗ ಎಷ್ಟು ಅಂತ ಒಂದೇ ಕಡೆ ಬರೆದಿಟ್ಟಿದ್ದಾರೆ. ದಾಳಿ ಮಾಡಿದವರೇ ದಾಳಿಯ ಮೊದಲು ಮತ್ತು ಆಮೇಲೆ ಅಂತ ಎರಡು ಕಾಲದ ಲೆಕ್ಕ ಬರೆದಿಟ್ಟ ಇಂಥ ದಾಖಲೆ ತೀರಾ ಅಪರೂಪ.

ಓದಿದರೆ ಗಾಬರಿಯಾಗುತ್ತದೆ. ರಾಜನಿಂದ ನೇರವಾಗಿ ದೊಡ್ಡ ಜಮೀನು ಪಡೆದವರಲ್ಲಿ ಇಂಗ್ಲಿಷರು ಒಬ್ಬರೋ ಇಬ್ಬರೋ ಅನ್ನುವಷ್ಟು ಕಮ್ಮಿ. ಒಂದು ತಲೆಮಾರು ಮುಗಿಯುವ ಮೊದಲೇ ಇಡೀ ದೇಶದ ಯಜಮಾನ ವರ್ಗ ಬದಲಾಗಿದೆ. ಉಳುವವನು ಮಾತ್ರ ಅವನೇ. ಯಾರ್ಕ್‌ಷೈರ್ ಕಡೆ ಹೋದರೆ ಹಾಳುಬಿದ್ದದ್ದು ಅಂತ ಬರೆದ ಊರುಗಳು ಸಾಲುಸಾಲು. 1069-70ರ ಚಳಿಗಾಲದಲ್ಲಿ ವಿಲಿಯಂನ ಸೈನ್ಯ ಉತ್ತರದ ಬೆಳೆ, ದನಕರು, ಮನೆ ಎಲ್ಲಾ ಸುಟ್ಟದ್ದರ ಗುರುತು ಇದು ಅಂತ ಹಲವರು ಹೇಳುತ್ತಾರೆ. ಅಲ್ಲಿಂದ ತೆರಿಗೆ ಬರುತ್ತಿರಲಿಲ್ಲ ಅಂತಷ್ಟೇ ಇದರ ಅರ್ಥ ಇರಬಹುದು ಅಂತ ಇನ್ನು ಕೆಲವರು. ಎರಡನ್ನೂ ಗುರುತು ಹಾಕಿಕೊಂಡು ಮುಂದೆ ಹೋಗಿ. ಇಂಥ ಕಡೆ ಒಂದೇ ಉತ್ತರ ಹಿಡಿದು ಕೂರುವವರ ಜೊತೆ ವಾದಕ್ಕೆ ಇಳಿಯಬೇಡಿ.

ಒಳಗಿನವರು ಯಾಕೆ ಕೈ ಜೋಡಿಸಿದರು?

ಸ್ಥಳೀಯರ ಸಹಾಯ ಇಲ್ಲದೆ ಗೆದ್ದ ದೂರದ ದಾಳಿಕೋರರು ಬಹಳ ಕಮ್ಮಿ. ಹಾಗಂತ ಓದುತ್ತಾ ಓದುತ್ತಾ ಸಿಕ್ಕಸಿಕ್ಕವರಿಗೆಲ್ಲಾ ದ್ರೋಹಿ ಅಂತ ಬರೆದುಬಿಟ್ಟರೆ ಅಲ್ಲಿಗೆ ಓದು ನಿಂತುಹೋಗುತ್ತದೆ.

ಮೆಕ್ಸಿಕೊ ತೆಗೆದುಕೊಳ್ಳಿ. ಸ್ಪೇನಿನ ದಂಡನಾಯಕ ಕೊರ್ಟೆಸ್ 1519ರಲ್ಲಿ ಬಂದಿಳಿದಾಗ ಜೊತೆಗಿದ್ದ ಸ್ಪೇನಿನವರು ಕೆಲವೇ ನೂರು ಜನ. 1521ರ ಆಗಸ್ಟ್‌ನಲ್ಲಿ ಅಜ್ಟೆಕ್ ರಾಜಧಾನಿ ತೆನೋಚ್ತಿತ್ಲಾನ್ ಬಿದ್ದಾಗ ಅವನ ಜೊತೆ ಹೋರಾಡುತ್ತಿದ್ದವರು ಸಾವಿರಾರು ತ್ಲಾಶ್ಕಾಲಾ ಜನ ಮತ್ತು ಸುತ್ತಲಿನ ಇತರ ಊರಿನವರು. ಅಜ್ಟೆಕರಿಗೆ ಕಪ್ಪ ಕೊಟ್ಟು ಕೊಟ್ಟು, ಅಥವಾ ಅವರ ಜೊತೆ ತಲೆಮಾರುಗಟ್ಟಲೆ ಹೊಡೆದಾಡಿ ಸಾಕಾಗಿದ್ದ ಜನ ಅವರು. ಅವರ ಕಣ್ಣಿಗೆ ಕೊರ್ಟೆಸ್ ತಮ್ಮ ಹಳೇ ಜಗಳಕ್ಕೆ ಸಿಕ್ಕಿದ ಹೊಸ ಜೊತೆಗಾರ. 'ನಮ್ಮ ಮೆಕ್ಸಿಕೊ' ಅನ್ನುವ ಭಾವನೆಯೇ ಆಗ ಇರಲಿಲ್ಲ, ಇನ್ನು ಅದಕ್ಕೆ ದ್ರೋಹ ಬಗೆಯೋದು ಹೇಗೆ? ಕೆಲವು ದಶಕಗಳ ನಂತರ ತ್ಲಾಶ್ಕಾಲಾದವರು ಈ ಯುದ್ಧದ ಚಿತ್ರಗಳನ್ನು ಬಟ್ಟೆಯ ಮೇಲೆ ಬರೆಸಿದರು. ಅದರಲ್ಲಿ ಅವರು ಗೆದ್ದವರ ಸಾಲಿನಲ್ಲಿ ನಿಂತಿದ್ದಾರೆ.

ಇನ್ನೊಬ್ಬ ಜೊತೆಗಾರ ಯಾರ ಕಣ್ಣಿಗೂ ಕಾಣಿಸಲಿಲ್ಲ. ಸಿಡುಬು. 1520ರಲ್ಲಿ ಅದು ರಾಜಧಾನಿಗೆ ಬಂತು, ಹೊಸದಾಗಿ ಪಟ್ಟಕ್ಕೆ ಬಂದಿದ್ದ ರಾಜ ಕ್ವಿತ್ಲಾವಾಕ್ ಅದರಿಂದಲೇ ಸತ್ತ. 1545ರಲ್ಲಿ, ಮತ್ತೆ 1576ರಲ್ಲಿ ಇನ್ನೂ ದೊಡ್ಡ ಸಾಂಕ್ರಾಮಿಕಗಳು ಬಂದವು. ಮೆಕ್ಸಿಕೊದ ಜನಸಂಖ್ಯೆ ಒಂದು ಶತಮಾನದೊಳಗೆ ಕುಸಿದುಬಿತ್ತು. ದಾಳಿಗೆ ಮೊದಲು ಎಷ್ಟಿತ್ತು ಅನ್ನುವ ಅಂದಾಜುಗಳು 50 ಲಕ್ಷದಿಂದ 2.5 ಕೋಟಿವರೆಗೆ ಇವೆ, ಆದರೆ ಕುಸಿತ ಭಯಂಕರವಾಗಿತ್ತು ಅನ್ನೋದರಲ್ಲಿ ಜಗಳವಿಲ್ಲ. ಹಾಗಾಗಿ ಸಮುದ್ರ ದಾಟಿ ಬಂದ ಯಾವ ದಾಳಿಯನ್ನು ಓದಿದರೂ ಸೈನ್ಯದ ಜೊತೆ ಏನೇನು ಬಂತು ಅಂತ ನೋಡಿ: ರೋಗ, ದನ, ಬೀಜ, ಇಲಿ.

ಸತ್ತವರ ಲೆಕ್ಕ

ಇಲ್ಲಿ ತುಂಬಾ ಜನ ಜಾರುತ್ತಾರೆ. 1221ರಲ್ಲಿ ಮಂಗೋಲರು ಮಧ್ಯ ಏಷ್ಯಾದ ಮರ್ವ್ ಊರನ್ನು ಹಾಳುಮಾಡಿದಾಗ ಸತ್ತವರು 7 ಲಕ್ಷ ಅಂತ ಇಬ್ನ್ ಅಲ್-ಅಸೀರ್ ಬರೆದಿದ್ದಾನೆ, 13 ಲಕ್ಷ ಅಂತ ಜುವೈನಿ ಬರೆದಿದ್ದಾನೆ. ಎರಡೂ ಹಳೇ ಪುಸ್ತಕಗಳೇ, ಎರಡೂ ಗೌರವದ ಹೆಸರುಗಳೇ. ಈಗ ಕೂತು ಯೋಚನೆ ಮಾಡಿ: ಮರುಭೂಮಿಯ ನಡುವಿನ ಒಂದು ಊರಿನ ಕಾಲುವೆ ನೀರಾವರಿ ಅಷ್ಟು ಜನಕ್ಕೆ ಅನ್ನ ಹಾಕಬಲ್ಲದೇ? ಸುತ್ತಲಿನ ಹಳ್ಳಿಯವರೆಲ್ಲಾ ಒಳಗೆ ಓಡಿಬಂದಿದ್ದರು ಅಂತ ಇಟ್ಟುಕೊಂಡರೂ ಕಷ್ಟ. ಆ ಅಂಕಿಗಳು ಹೇಳುತ್ತಿರೋದು ಎಣಿಸಲಾಗದಷ್ಟು ಅಂತ.

ಸೋತವರು ದುಃಖಕ್ಕೆ ಹೆಚ್ಚು ಹೇಳುತ್ತಾರೆ ಅಂತ ನಮಗೆ ಸುಲಭವಾಗಿ ಹೊಳೆಯುತ್ತದೆ. ಗೆದ್ದವರೂ ಹೆಚ್ಚು ಹೇಳುತ್ತಾರೆ! 1258ರಲ್ಲಿ ಬಾಗ್ದಾದ್ ಹಾಳುಮಾಡಿದ ಮಂಗೋಲ್ ದೊರೆ ಹುಲಗು, ನಾಲ್ಕು ವರ್ಷದ ನಂತರ ಫ್ರಾನ್ಸಿನ ರಾಜನಿಗೆ ಬರೆದ ಪತ್ರದಲ್ಲಿ 2 ಲಕ್ಷಕ್ಕೂ ಹೆಚ್ಚು ಜನರನ್ನು ಕೊಂದೆ ಅಂತ ಜಂಬ ಕೊಚ್ಚಿಕೊಂಡಿದ್ದಾನೆ. ಹೆದರಿಸೋದು ಅವನ ಯುದ್ಧದ ಒಂದು ಭಾಗ. ಸತ್ತವರ ಸಂಖ್ಯೆ ಅವನ ಪಾಲಿಗೆ ಒಂದು ಜಾಹೀರಾತು.

ಅಂಕಿ ಉಬ್ಬಿದೆ ಅಂತ ಸಾಬೀತಾದ ಕೂಡಲೇ ಕೊಲೆಯೇ ಆಗಿಲ್ಲ ಅನ್ನುವವರು ಬರುತ್ತಾರೆ, ಅವರ ಬಲೆಗೂ ಬೀಳಬೇಡಿ. ಚೀನಾದ ಯಾಂಗ್‌ಝೌನಲ್ಲಿ 1645ರಲ್ಲಿ ಉತ್ತರದಿಂದ ನುಗ್ಗಿದ ಮಂಚು ಸೈನ್ಯ 8 ಲಕ್ಷ ಜನರನ್ನು ಕೊಂದಿತು ಅನ್ನೋದು ಉತ್ಪ್ರೇಕ್ಷೆ ಅಂತ ಇವತ್ತಿನ ಇತಿಹಾಸಕಾರರು ಹೇಳುತ್ತಾರೆ. ಆದರೆ ಬದುಕಿ ಉಳಿದವನೊಬ್ಬ ಬರೆದ ದಿನಚರಿ ಇದೆ, ಓದಿದರೆ ರಾತ್ರಿ ನಿದ್ದೆ ಬರೋದಿಲ್ಲ. ಸಂಖ್ಯೆ ತಪ್ಪಿರಬಹುದು, ಘಟನೆ ಸುಳ್ಳಲ್ಲ. ಈ ಎರಡನ್ನೂ ಒಟ್ಟಿಗೆ ತಲೆಯಲ್ಲಿ ಇಟ್ಟುಕೊಳ್ಳಿ.

ಹತ್ತಿರದ ಕಾಲಕ್ಕೆ ಬಂದರೆ ಜನಗಣತಿ ಇರುತ್ತದೆ, ಲೆಕ್ಕ ಗಟ್ಟಿಯಾಗುತ್ತದೆ. 1939ರ ಸೆಪ್ಟೆಂಬರ್‌ನಲ್ಲಿ ಪೋಲೆಂಡಿನ ಮೇಲೆ ಪಶ್ಚಿಮದಿಂದ ಜರ್ಮನಿ, ಪೂರ್ವದಿಂದ ಸೋವಿಯತ್ ದಾಳಿ ಮಾಡಿದವು. 1945ರ ಹೊತ್ತಿಗೆ ಆ ದೇಶದ ಸುಮಾರು 55ರಿಂದ 60 ಲಕ್ಷ ನಾಗರಿಕರು ಸತ್ತಿದ್ದರು, ಅವರಲ್ಲಿ ಹೆಚ್ಚುಕಮ್ಮಿ ಅರ್ಧದಷ್ಟು ಯಹೂದಿಗಳು. ಯುದ್ಧ ಮುಗಿದ ಮೇಲೆ ದೇಶದ ಗಡಿಯನ್ನೇ ಎತ್ತಿ ಪಶ್ಚಿಮಕ್ಕೆ ಸರಿಸಿದರು, ಅದರ ಹಿಂದೆ ಲಕ್ಷಾಂತರ ಜನರೂ ಗಂಟುಮೂಟೆ ಕಟ್ಟಿ ಸರಿಯಬೇಕಾಯಿತು.

ಮೂರು ಗಡಿಯಾರ ಇಟ್ಟುಕೊಳ್ಳಿ

ಒಂದು ದಾಳಿಗೆ ಒಂದು ಹಾಳೆ ತೆಗೆದುಕೊಂಡು ಅದನ್ನು ಮೂರು ಭಾಗ ಮಾಡಿ: ಮೊದಲ ವರ್ಷ, ಮೂವತ್ತನೇ ವರ್ಷ, ಇನ್ನೂರನೇ ವರ್ಷ. ಪ್ರತಿ ಭಾಗದಲ್ಲೂ ಕಂದಾಯ, ನಾಣ್ಯ, ಭೂಮಿ, ಕೋರ್ಟು ಕಚೇರಿಯ ಭಾಷೆ, ಜನಸಂಖ್ಯೆ ಅಂತ ಬರೆಯಿರಿ. ತುಂಬಲು ಆಗದ ಜಾಗ ಖಾಲಿ ಬಿಡಿ. ಮೊದಲ ಭಾಗದ ಉತ್ತರಕ್ಕೂ ಕೊನೆಯ ಭಾಗದ ಉತ್ತರಕ್ಕೂ ಎಷ್ಟೋ ಸಲ ಸಂಬಂಧವೇ ಇರೋದಿಲ್ಲ.

ಬಾಗ್ದಾದ್ ಹಾಳುಮಾಡಿದ ಹುಲಗುವಿನ ಮರಿಮಗ ಘಾಜಾನ್ 1295ರಲ್ಲಿ ಮುಸ್ಲಿಂ ಆದ. ಅವನ ಆಸ್ಥಾನದ ಕೆಲಸ ನಡೆಯುತ್ತಿದ್ದದ್ದು ಪಾರ್ಸಿಯಲ್ಲಿ. ಮೊದಲ ವರ್ಷ ನೋಡಿದವನು ಇಲ್ಲಿಗೆ ಎಲ್ಲಾ ಮುಗಿಯಿತು ಅಂದಿರುತ್ತಾನೆ, ಮೂವತ್ತೇಳನೇ ವರ್ಷಕ್ಕೆ ಬಂದವರೇ ಬದಲಾಗಿದ್ದಾರೆ. ಚೀನಾದ ಕಥೆ ಇನ್ನೂ ಉದ್ದ. 1644ರಲ್ಲಿ ಬೀಜಿಂಗ್ ಹಿಡಿದ ಮಂಚುಗಳು ಮರುವರ್ಷವೇ ಚೀನೀ ಗಂಡಸರೆಲ್ಲಾ ಮುಂದಲೆ ಬೋಳಿಸಿ ಹಿಂದೆ ಜಡೆ ಬಿಡಬೇಕು, ಇಲ್ಲದಿದ್ದರೆ ತಲೆ ಹೋಗುತ್ತದೆ ಅಂತ ಕಟ್ಟಪ್ಪಣೆ ಮಾಡಿದರು. 1912ರವರೆಗೆ ಆಳಿದರು. ಇವತ್ತು ಮಂಚು ಭಾಷೆಯನ್ನು ಹುಟ್ಟಿನಿಂದ ಆಡುವವರು ಬೆರಳೆಣಿಕೆಯಷ್ಟು. ಆಳಿದವರ ಭಾಷೆ ಹೋಯಿತು, ಆದರೆ ಅವರು ಗೆದ್ದು ಸೇರಿಸಿದ ಶಿಂಜಿಯಾಂಗ್, ಟಿಬೆಟ್ ಇವತ್ತಿನ ಚೀನಾದ ನಕ್ಷೆಯಲ್ಲಿವೆ. ಒಂದು ದೇಶ ತನ್ನ ಮೇಲೆ ದಾಳಿ ಮಾಡಿದವರ ಸಾಮ್ರಾಜ್ಯವನ್ನು ಆಸ್ತಿಯಾಗಿ ಪಡೆಯಿತು ಅಂತಲೂ ಇದನ್ನು ಓದಬಹುದು. ಹಾಗೆ ಓದುವವರು ಟಿಬೆಟಿನವರ ಅಭಿಪ್ರಾಯವನ್ನೂ ಕೇಳಬೇಕಾಗುತ್ತದೆ.

ಭಾಷೆಯ ವಿಷಯಕ್ಕೆ ಒಂದು ಒಳ್ಳೇ ಅಭ್ಯಾಸ ಇದೆ. 7ನೇ ಶತಮಾನದಲ್ಲಿ ಅರಬರು ಈಜಿಪ್ಟನ್ನೂ ಗೆದ್ದರು, ಇರಾನನ್ನೂ ಗೆದ್ದರು. ಈಜಿಪ್ಟಿನಲ್ಲಿ ಕಾಪ್ಟಿಕ್ ಭಾಷೆ ನಿಧಾನವಾಗಿ ಹಿಂದೆ ಸರಿದು ಕೊನೆಗೆ ಚರ್ಚಿನ ಪೂಜೆಗೆ ಮಾತ್ರ ಉಳಿಯಿತು. ಇರಾನಿನಲ್ಲಿ ಪಾರ್ಸಿ ಲಿಪಿ ಬದಲಾಯಿಸಿಕೊಂಡು ಎದ್ದು ನಿಂತಿತು, ಫಿರ್ದೌಸಿ 1010ರ ಹೊತ್ತಿಗೆ ಶಾಹನಾಮೆ ಮುಗಿಸಿದ. ಗೆದ್ದವರು ಒಬ್ಬರೇ, ಫಲ ಮಾತ್ರ ಎರಡು ತರಹ. ಯಾಕೆ? ಅರಬರಿಗೆ ಮೊದಲೇ ಈಜಿಪ್ಟಿನ ಕಚೇರಿ ಭಾಷೆ ಸಾವಿರ ವರ್ಷದಿಂದ ಗ್ರೀಕ್ ಆಗಿತ್ತು, ಕಾಪ್ಟಿಕ್‌ಗೆ ಅರಮನೆಯ ಬೆಂಬಲ ಯಾವತ್ತೂ ಇರಲಿಲ್ಲ ಅನ್ನೋದು ಒಂದು ಉತ್ತರ. ಇರಾನಿನ ಪೂರ್ವದಲ್ಲಿ ಬಾಗ್ದಾದಿನಿಂದ ದೂರ ಇದ್ದ ಸ್ಥಳೀಯ ದೊರೆಗಳು ಪಾರ್ಸಿ ಕವಿಗಳನ್ನು ಸಾಕಿದರು ಅನ್ನೋದು ಇನ್ನೊಂದು. ಹೀಗೆ ಎರಡು ದೇಶ ಪಕ್ಕಪಕ್ಕ ಇಟ್ಟು ಓದಿದರೆ ದಾಳಿಕೋರರು ಮಾಡಿದ್ದು ಎಷ್ಟು, ಆ ದೇಶದಲ್ಲಿ ಮೊದಲೇ ಇದ್ದದ್ದು ಎಷ್ಟು ಅಂತ ಬೇರೆ ಮಾಡಲು ಬರುತ್ತದೆ.

ದಾಳಿ ನಡೆದ ಜಾಗ ಬಿಟ್ಟು ಆಚೆಗೂ ನೋಡಿ

ನೆಪೋಲಿಯನ್ 1807ರ ಕೊನೆಯಲ್ಲಿ ಪೋರ್ಚುಗಲ್‌ಗೆ ನುಗ್ಗಿದ, 1808ರಲ್ಲಿ ಸ್ಪೇನಿನ ರಾಜನನ್ನು ಇಳಿಸಿ ತನ್ನ ಅಣ್ಣನನ್ನು ಕೂರಿಸಿದ. ಇದರ ದೊಡ್ಡ ಪರಿಣಾಮ ಕಾಣಬೇಕಾದರೆ ಅಟ್ಲಾಂಟಿಕ್ ದಾಟಿ ಹೋಗಬೇಕು. ಪೋರ್ಚುಗಲ್ಲಿನ ರಾಜಮನೆತನ ಹಡಗು ಹತ್ತಿ ಬ್ರೆಜಿಲಿಗೆ ಓಡಿತು, 1822ರಲ್ಲಿ ಬ್ರೆಜಿಲ್ ಬೇರೆ ದೇಶವಾಯಿತು. ಸ್ಪೇನಿನಲ್ಲಿ ನಿಜವಾದ ರಾಜ ಇಲ್ಲ ಅಂದಮೇಲೆ ನಾವು ಯಾರ ಮಾತು ಕೇಳಬೇಕು ಅಂತ ಅಮೆರಿಕ ಖಂಡಗಳಲ್ಲಿದ್ದ ಅದರ ವಸಾಹತುಗಳು ಕೇಳಲು ಶುರುಮಾಡಿದವು. 1810ರಲ್ಲಿ ಬ್ಯೂನಸ್ ಐರಿಸ್, ಮೆಕ್ಸಿಕೊ ಎದ್ದವು. 1824ರ ಅಯಾಕುಚೊ ಯುದ್ಧದ ಹೊತ್ತಿಗೆ ದಕ್ಷಿಣ ಅಮೆರಿಕದಲ್ಲಿ ಸ್ಪೇನಿನ ಆಟ ಮುಗಿದಿತ್ತು. ಅಲ್ಲಿ ನೆಪೋಲಿಯನ್ನಿನ ಒಬ್ಬ ಸಿಪಾಯಿಯೂ ಕಾಲಿಟ್ಟಿರಲಿಲ್ಲ.

ಸೋತ ದೇಶ ಸೋಲಿನಿಂದಲೇ ಗಟ್ಟಿಯಾಗೋದೂ ಉಂಟು. 1806ರಲ್ಲಿ ನೆಪೋಲಿಯನ್ ಎದುರು ಮಣ್ಣುಮುಕ್ಕಿದ ಜರ್ಮನ್ ರಾಜ್ಯ ಪ್ರಷ್ಯಾ ಮರುವರ್ಷ ಜೀತಪದ್ಧತಿ ರದ್ದು ಮಾಡುವ ಶಾಸನ ಹೊರಡಿಸಿತು, 1810ರಲ್ಲಿ ಬರ್ಲಿನ್‌ನಲ್ಲಿ ವಿಶ್ವವಿದ್ಯಾಲಯ ತೆರೆಯಿತು, ಸೈನ್ಯವನ್ನು ತಳದಿಂದ ಕಟ್ಟಿತು. ದಾಳಿ ಮಾಡಿದವನು ಬರಿಗೈಯಲ್ಲಿ ವಾಪಸ್ ಹೋದ ದಾಳಿಗಳನ್ನೂ ಬಿಡಬೇಡಿ. ಜಪಾನಿನ ಹಿದೆಯೋಶಿ 1592ರಲ್ಲಿ ಕೊರಿಯಾಗೆ ಸೈನ್ಯ ಕಳಿಸಿದ, 1598ರಲ್ಲಿ ಅವನು ಸತ್ತಮೇಲೆ ಸೈನ್ಯ ವಾಪಸಾಯಿತು, ಒಂದು ಅಂಗುಲ ನೆಲವೂ ದಕ್ಕಲಿಲ್ಲ. ಕೊರಿಯಾ ಸುಟ್ಟುಹೋಗಿತ್ತು. ಸಹಾಯಕ್ಕೆ ಬಂದ ಮಿಂಗ್ ಚೀನಾದ ಖಜಾನೆ ಬರಿದಾಯಿತು. ಕತ್ತರಿಸಿ ತಂದ ಮೂಗುಗಳನ್ನು ಹೂತ ದಿಬ್ಬ ಕ್ಯೋಟೋದಲ್ಲಿ ಇವತ್ತಿಗೂ ಇದೆ. ಹಿಡಿದು ತಂದ ಕೊರಿಯಾದ ಕುಂಬಾರರು ಮಾತ್ರ ಜಪಾನಿನಲ್ಲಿ ಪಿಂಗಾಣಿಯ ಕಸುಬು ಹುಟ್ಟುಹಾಕಿದರು. ಅರಿತಾ ಎಂಬಲ್ಲಿ ತಯಾರಾದ ಆ ಪಾತ್ರೆಗಳನ್ನು 17ನೇ ಶತಮಾನದಲ್ಲಿ ಡಚ್ಚರು ಯುರೋಪಿಗೆ ಸಾಗಿಸುತ್ತಿದ್ದರು.

ಒಳ್ಳೇದೂ ಆಯ್ತಲ್ವಾ ಅಂತ ಕೇಳಿದರೆ

ಕೇಳುತ್ತಾರೆ, ಕೇಳಲಿ. ಉತ್ತರಿಸುವ ಮೊದಲು ಮೂರು ವಿಷಯ ನೋಡಿ: ಅದಕ್ಕೆ ದುಡ್ಡು ಕೊಟ್ಟವರು ಯಾರು, ಲಾಭ ಹೋದದ್ದು ಎಲ್ಲಿಗೆ, ದಾಳಿಗೆ ಒಳಗಾಗದ ದೇಶಕ್ಕೆ ಆ ವಸ್ತು ಹೇಗೆ ಬಂತು. ಭಾರತದಲ್ಲಿ ಮೊದಲ ಪ್ರಯಾಣಿಕರ ರೈಲು 1853ರಲ್ಲಿ ಓಡಿತು. ಹಳಿ ಹಾಕಿದ ಬ್ರಿಟಿಷ್ ಕಂಪನಿಗಳಿಗೆ ಶೇ. 5ರಷ್ಟು ಲಾಭದ ಖಾತರಿ ಇತ್ತು, ಕಮ್ಮಿ ಬಿದ್ದರೆ ಭಾರತದ ತೆರಿಗೆಯಿಂದ ತುಂಬಿಕೊಡುತ್ತಿದ್ದರು. ಜಪಾನ್ 1872ರಲ್ಲಿ ಟೋಕಿಯೊದಿಂದ ಯೊಕೊಹಾಮಾಗೆ ರೈಲು ಬಿಟ್ಟಿತು. ಅಲ್ಲೂ ಬ್ರಿಟಿಷ್ ಇಂಜಿನಿಯರುಗಳೇ, ಲಂಡನ್ನಿನಲ್ಲಿ ಎತ್ತಿದ ಸಾಲವೇ. ಆದರೆ ಎಲ್ಲಿ ಹಳಿ ಹಾಕಬೇಕು ಅಂತ ಹೇಳಿದವರು ಜಪಾನಿನವರು. ರೈಲು ಬರಲು ದಾಳಿ ಆಗಲೇಬೇಕಿತ್ತು ಅನ್ನುವ ವಾದ ಇಲ್ಲಿಗೆ ಸಡಿಲವಾಗುತ್ತದೆ. ಹಾಗಂತ ಪ್ರತಿ ಬದಲಾವಣೆಗೂ ಇಷ್ಟು ಸುಲಭದ ಜೋಡಿ ಸಿಗೋದಿಲ್ಲ. ಅಮೆರಿಕದವರು ಕೂತಿದ್ದಾಗ ಜಪಾನಿನಲ್ಲಿ ಆದ ಭೂಸುಧಾರಣೆ, ಗೇಣಿದಾರರಿಗೆ ಹೊಲ ಸಿಕ್ಕಿದ್ದು, ಹೊರಗಿನವರ ಒತ್ತಡ ಇಲ್ಲದಿದ್ದರೆ ಅಷ್ಟು ಬೇಗ ಆಗುತ್ತಿತ್ತೇ ಅನ್ನೋದು ನಿಜಕ್ಕೂ ಕಷ್ಟದ ಪ್ರಶ್ನೆ. ನನಗಂತೂ ಆಗುತ್ತಿರಲಿಲ್ಲ ಅನ್ನಿಸುತ್ತದೆ.

ಶುರುಮಾಡುವವರು ಮೊದಲು ನಾರ್ಮನ್ ದಾಳಿ ತೆಗೆದುಕೊಳ್ಳಿ. ದಾಖಲೆ ಜಾಸ್ತಿ, ಜಗಳ ಕಮ್ಮಿ, ಡೂಮ್ಸ್‌ಡೇಯ ಊರುಗಳ ವಿವರ ಅಂತರ್ಜಾಲದಲ್ಲೇ ಸಿಗುತ್ತದೆ. ಆಮೇಲೆ ಬಂಗಾಳಕ್ಕೆ ಬನ್ನಿ, ಕಂಪನಿಯವರು ಪತ್ರ ಬರೆಯುವುದರಲ್ಲಿ ಜಿಪುಣರಲ್ಲ. ನಿಮ್ಮ ರಕ್ತ ಕುದಿಸುವ ದಾಳಿ ಯಾವುದೋ ಅದನ್ನು ಮೂರನೆಯದಕ್ಕೆ ಇಟ್ಟುಕೊಳ್ಳಿ. ಅಷ್ಟು ಹೊತ್ತಿಗೆ ಕೈಯಲ್ಲಿ ಎರಡು ತುಂಬಿದ ಹಾಳೆ ಇರುತ್ತವೆ. ಮೂರನೆಯದರಲ್ಲಿ ಯಾವ ಜಾಗ ಖಾಲಿ ಉಳಿಯಿತು ಅಂತ ನೋಡಿ, ಮುಂದಿನ ಪುಸ್ತಕವನ್ನು ಆ ಖಾಲಿ ಜಾಗಕ್ಕೆ ತಕ್ಕ ಹಾಗೆ ಹುಡುಕಿ.